ಸರಕಿನ ಬಾಕಿ ಹಣ: ನ್ಯಾಯಾಲಯದಲ್ಲಿ ರುಜುವಾತುಪಡಿಸುವ ವಿಧಾನ

ಸರಕಿನ ಸ್ವಾಮ್ಯವು ತನಗೆ ವರ್ಗವಾದ ಮೇಲೂ ಖರೀದಿದಾರನು ಬೆಲೆಯನ್ನು ಪಾವತಿಸದಿದ್ದಲ್ಲಿ, ಸರಕು ಮಾರಾಟ ಅಧಿನಿಯಮ, 1930ರ ಕಲಂ 55ರ ಮೇರೆಗೆ ಮಾರಾಟಗಾರನು ವಸೂಲಿಗಾಗಿ ದಾವೆ ಹೂಡಬಹುದು. ಬಾಕಿಯನ್ನು ರುಜುವಾತುಪಡಿಸುವ ಹೊಣೆ ವಾದಿಯದಾಗಿರುತ್ತದೆ.

ಲೆಕ್ಕಪುಸ್ತಕದ ನಮೂದು ಒಂದೇ ಸಾಲದು. ಭಾರತೀಯ ಸಾಕ್ಷ್ಯ ಅಧಿನಿಯಮ, 2023ರ ಕಲಂ 28ರ ಅನ್ವಯ, ಕ್ರಮಬದ್ಧವಾಗಿ ಇಟ್ಟ ಲೆಕ್ಕದ ನಮೂದುಗಳನ್ನು ಸಾಕ್ಷ್ಯವಾಗಿ ಹಾಜರುಪಡಿಸಬಹುದಾದರೂ, ಅವುಗಳಿಂದ ಮಾತ್ರವೇ ಯಾರ ಮೇಲೂ ಹೊಣೆ ಹೊರಿಸಲಾಗದು. ಆದುದರಿಂದ ಕೆಳಕಂಡ ದಾಖಲೆಗಳನ್ನು ಕಾಯ್ದಿರಿಸತಕ್ಕದ್ದು:

1. ಬೆಲೆ ಮತ್ತು ಉದ್ದರಿ ಅವಧಿಯನ್ನು ತಿಳಿಸುವ ಖರೀದಿ ಆದೇಶ.
2. ಬಿಲ್ಲಿನ ಪ್ರತಿ.
3. ಸರಕು ಪಡೆದವರ ಸಹಿ ಹಾಗೂ ದಿನಾಂಕವುಳ್ಳ ಡೆಲಿವರಿ ಚಲನ್, ಲಾರಿ ರಸೀದಿ.
4. ಭಾಗಶಃ ಪಾವತಿಯನ್ನು ತೋರಿಸುವ ಬ್ಯಾಂಕ್ ವಿವರಪಟ್ಟಿ.
5. ಇ-ಮೇಲ್, ವಾಟ್ಸ್‌ಆ್ಯಪ್ ಸಂದೇಶಗಳ ಮುದ್ರಿತ ಪ್ರತಿಗಳಿದ್ದಲ್ಲಿ, ಕಲಂ 63ರ ಮೇರೆಗಿನ ಪ್ರಮಾಣಪತ್ರ.

ಕಾಲಮಿತಿ: ಕಾಲಪರಿಮಿತಿ ಅಧಿನಿಯಮ, 1963ರ ಪ್ರಕಾರ, ಉದ್ದರಿ ಅವಧಿಯನ್ನು ನಿಗದಿಪಡಿಸಿದ್ದಲ್ಲಿ ಅದು ಮುಗಿದಂದಿನಿಂದ, ನಿಗದಿಪಡಿಸದಿದ್ದಲ್ಲಿ ಸರಕು ತಲುಪಿಸಿದಂದಿನಿಂದ 3 ವರ್ಷಗಳೊಳಗೆ ದಾವೆ ಹೂಡಬೇಕು. ಈ ಅವಧಿ ಮುಗಿಯುವ ಮುನ್ನ ಖರೀದಿದಾರನು ಬಾಕಿಯನ್ನು ಬರವಣಿಗೆಯಲ್ಲಿ ಒಪ್ಪಿ ಸಹಿ ಮಾಡಿದಲ್ಲಿ, ಅಂದಿನಿಂದ ಹೊಸ ಅವಧಿ ಆರಂಭವಾಗುತ್ತದೆ. "ಮುಂದಿನ ತಿಂಗಳು ಕೊಡುತ್ತೇನೆ" ಎಂಬ ಬಾಯಿಮಾತಿನಿಂದ ಅವಧಿಯು ವಿಸ್ತರಿಸುವುದಿಲ್ಲ.

ದಾವೆ-ಪೂರ್ವ ಮಧ್ಯಸ್ಥಿಕೆ: ವರ್ತಕರ ನಡುವಣ 3 ಲಕ್ಷ ರೂ. ಮತ್ತು ಅದಕ್ಕೂ ಹೆಚ್ಚಿನ ಮೌಲ್ಯದ ವಿವಾದಗಳಿಗೆ ವಾಣಿಜ್ಯ ನ್ಯಾಯಾಲಯಗಳ ಅಧಿನಿಯಮ, 2015 ಅನ್ವಯಿಸುತ್ತದೆ. ತುರ್ತು ಮಧ್ಯಂತರ ಪರಿಹಾರವನ್ನು ಕೋರದಿದ್ದಲ್ಲಿ, ಮೊದಲು ಕಾನೂನು ಸೇವೆಗಳ ಪ್ರಾಧಿಕಾರಕ್ಕೆ ಮಧ್ಯಸ್ಥಿಕೆಗಾಗಿ ಅರ್ಜಿ ಸಲ್ಲಿಸುವುದು ಕಡ್ಡಾಯ. ಮಧ್ಯಸ್ಥಿಕೆ ನಡೆಯುವ ಕಾಲವನ್ನು ಕಾಲಮಿತಿಯ ಲೆಕ್ಕದಿಂದ ಬಿಡಲಾಗುತ್ತದೆ.