ವ್ಯಸನ ಮತ್ತು ಪಥ್ಯ

‘ವ್ಯಸನ’ ಎಂಬ ಮಾತಿಗೆ ನಮ್ಮ ಭಾಷೆಯಲ್ಲಿ ಎರಡು ಅರ್ಥಗಳು ನೆಲೆಗೊಂಡಿವೆ. ಆಪ್ತರೊಬ್ಬರು ತೀರಿಕೊಂಡ ಸುದ್ದಿ ತಿಳಿದಾಗ ‘ವ್ಯಸನವಾಯಿತು’ ಎನ್ನುತ್ತೇವೆ. ಕುಡಿತಕ್ಕೆ ದಾಸನಾದವನನ್ನು ‘ವ್ಯಸನಿ’ ಎನ್ನುತ್ತೇವೆ. ದುಃಖಕ್ಕೂ ಚಟಕ್ಕೂ ಒಂದೇ ಹೆಸರು. ಜೈನಗ್ರಂಥಗಳು ಎಣಿಸಿದ ಸಪ್ತವ್ಯಸನಗಳಲ್ಲಿ ಜೂಜು, ಬೇಟೆ, ಕಳವುಗಳ ಸಾಲಿನಲ್ಲಿಯೇ ಮದ್ಯವೂ ಇದೆ. ಧರ್ಮಶಾಸ್ತ್ರದ ದೃಷ್ಟಿಯಲ್ಲಿ ಅದು ಪಾಪ. ಇಂದಿನ ವೈದ್ಯರ ದೃಷ್ಟಿಯಲ್ಲಿ ರೋಗ. ಮನೆಯವರ ಪಾಲಿಗೆ ಮಾತ್ರ ಅದು ಎಂದಿನಿಂದಲೂ ದುಃಖವೇ ಆಗಿದೆ.

ಬೆಂಗಳೂರಿನ ಪೂರ್ವಕ್ಕಿರುವ ಮಾರತ್ತಹಳ್ಳಿಯಲ್ಲಿ ಈ ದುಃಖದ ಒಂದು ಕಾರಣ ಕಣ್ಣಿಗೆ ಕಾಣುವಂತಿದೆ. ವರ್ತೂರು ಹೋಬಳಿಯ ಈ ಊರು ಒಂದು ಕಾಲಕ್ಕೆ ಕೆರೆಗಳ ನಡುವಿನ, ರಾಗಿ ಬೆಳೆಯುವ ಹಳ್ಳಿ. 1940ರಲ್ಲಿ ಸಮೀಪದಲ್ಲಿಯೇ ವಿಮಾನ ಕಾರ್ಖಾನೆ ಸ್ಥಾಪನೆಯಾಯಿತು. ಮುಂದೆ ಹೊರವರ್ತುಲ ರಸ್ತೆ ಬಂದಿತು. ಅದರ ಬೆನ್ನಿಗೆ ಗಾಜಿನ ಕಟ್ಟಡಗಳು ಎದ್ದವು. ಈಗ ಅಲ್ಲಿನ ಸೇತುವೆಯ ಬಳಿ ಸಂಜೆ ನಿಂತರೆ ಗಾರೆ ಕೆಲಸ ಮುಗಿಸಿ ಬರುವ ದೂರದೂರಿನ ಕೂಲಿಯವರು ಕಾಣುತ್ತಾರೆ. ಪರದೇಶದ ಗಡಿಯಾರಕ್ಕೆ ಹೊಂದಿಕೊಂಡು ರಾತ್ರಿಯೆಲ್ಲ ದುಡಿಯುವ ತರುಣರು ಕಾಣುತ್ತಾರೆ. ಪರರ ಊಟವನ್ನು ಬೈಕಿನ ಮೇಲೆ ಹೊತ್ತು ಓಡುವ, ತನ್ನ ಊಟಕ್ಕೆ ಮಾತ್ರ ಹೊತ್ತಿಲ್ಲದ ಹುಡುಗನೂ ಕಾಣುತ್ತಾನೆ. ಇವರೆಲ್ಲ ಕುಡಿಯುವವರೆಂದು ಯಾರೂ ಹೇಳಲಾರರು. ಆದರೆ ಇವರಲ್ಲಿ ಅನೇಕರು ಮನೆಯ ಒಲೆಯಿಂದ ದೂರವಾದವರು, ಊಟದ ವೇಳೆಯನ್ನು ಕಳೆದುಕೊಂಡವರು. ದಣಿವೂ ಒಂಟಿತನವೂ ಕೂಡಿದ ಆ ಬರಿದಾದ ಹೊತ್ತಿಗೆ ಸೀಸೆ ಸುಲಭವಾಗಿ ಬಂದು ಸೇರಿಕೊಳ್ಳುತ್ತದೆ.

ಕುಡಿತ ಮೊದಲು ಕೊಲ್ಲುವುದು ಊಟವನ್ನು. ಒಂದು ಗ್ರಾಂ ಮದ್ಯಸಾರದಿಂದ ದೇಹಕ್ಕೆ ಸುಮಾರು 7 ಕ್ಯಾಲೊರಿ ಶಕ್ತಿ ದೊರೆಯುತ್ತದೆ. ಆದರೆ ಅದರೊಡನೆ ಅನ್ನದಲ್ಲಿರುವ ಸತ್ತ್ವವೊಂದೂ ಬರುವುದಿಲ್ಲ. ಹೊಟ್ಟೆಗೆ ಹಸಿವು ತೀರಿದ ಭ್ರಮೆ, ದೇಹಕ್ಕೆ ನಿಜವಾದ ಬರಗಾಲ. ತಿಂದುದನ್ನು ಶಕ್ತಿಯನ್ನಾಗಿ ಮಾರ್ಪಡಿಸಲು ಬೇಕಾದ ಥಯಾಮಿನ್, ಎಂದರೆ ಬಿ1 ಜೀವಸತ್ತ್ವ, ಶರೀರದಲ್ಲಿ ಕೆಲವು ವಾರಗಳಿಗೆ ಸಾಲುವಷ್ಟು ಮಾತ್ರ ಸಂಗ್ರಹವಿರುತ್ತದೆ. ಕುಡುಕನು ಊಟ ಬಿಡುವುದರಿಂದ ಅದು ಒಳಗೆ ಹೋಗುವುದೇ ಕಡಿಮೆ. ಹೋದುದನ್ನೂ ಮದ್ಯದಿಂದ ಕೆಟ್ಟ ಕರುಳು ಸರಿಯಾಗಿ ಹೀರಿಕೊಳ್ಳಲಾರದು. ಕೊರತೆ ಮಿತಿಮೀರಿದಾಗ ಕಣ್ಣಿನ ಚಲನೆ ಕೆಡುತ್ತದೆ, ನಡಿಗೆ ಓಲಾಡುತ್ತದೆ, ಬುದ್ಧಿ ಮಂಕಾಗುತ್ತದೆ. 1881ರಲ್ಲಿ ಜರ್ಮನಿಯ ವೈದ್ಯ ಕಾರ್ಲ್ ವೆರ್ನಿಕೆ ಈ ಸ್ಥಿತಿಯನ್ನು ವರ್ಣಿಸಿದನು. ನೋಡಿದವರು ‘ಇನ್ನೂ ಅಮಲು ಇಳಿದಿಲ್ಲ’ ಎಂದು ಮುಖ ತಿರುಗಿಸಿ ಹೋಗುತ್ತಾರೆ. ಅವನು ಹಸಿದು ಸಾಯುತ್ತಿರಬಹುದೆಂಬ ಯೋಚನೆ ಎಷ್ಟು ಜನಕ್ಕೆ ಬರುತ್ತದೆ? ಸಕಾಲದಲ್ಲಿ ಥಯಾಮಿನ್ ಚುಚ್ಚುಮದ್ದು ದೊರೆತರೆ ಜೀವ ಉಳಿಯುತ್ತದೆ; ತಡವಾದರೆ ಜೀವ ಉಳಿದರೂ ನೆನಪು ಉಳಿಯದೆ ಹೋಗಬಹುದು.

ಆದುದರಿಂದ ಬಹುಕಾಲ ಕುಡಿದವನಿಗೆ ‘ಇವತ್ತಿನಿಂದ ಬಿಟ್ಟುಬಿಡು, ಚೆನ್ನಾಗಿ ಊಟ ಮಾಡು’ ಎಂದು ಉಪದೇಶಿಸಿ ಸುಮ್ಮನಾಗುವಂತಿಲ್ಲ. ದಿಢೀರನೆ ಬಿಟ್ಟಾಗ ಕೆಲವರಿಗೆ ಸೆಳವು ಬರುತ್ತದೆ, ಸನ್ನಿಯೂ ಹಿಡಿಯುತ್ತದೆ. ಅದು ಪ್ರಾಣಾಪಾಯದ ಘಳಿಗೆ. ಅದಕ್ಕೆ ವೈದ್ಯರ ನೆರವು ಬೇಕೇ ಬೇಕು. ಹೊಸೂರು ರಸ್ತೆಯ ನಿಮ್ಹಾನ್ಸ್ ಸಂಸ್ಥೆಯಲ್ಲಿ ವ್ಯಸನ ಚಿಕಿತ್ಸೆಗೆಂದೇ ಪ್ರತ್ಯೇಕ ಕೇಂದ್ರವಿದೆ. ಅಡುಗೆಮನೆಯ ಕೆಲಸ ನಿಜವಾಗಿ ಆರಂಭವಾಗುವುದು ರೋಗಿ ಆಸ್ಪತ್ರೆಯಿಂದ ಮನೆಗೆ ಮರಳಿದ ಮೇಲೆ.

ಆ ಕೆಲಸ ಬಹುಮಟ್ಟಿಗೆ ವೇಳೆಗೆ ಸಂಬಂಧಿಸಿದ್ದು. 1935ರಲ್ಲಿ ಅಮೆರಿಕದ ಏಕ್ರನ್ ನಗರದಲ್ಲಿ ಷೇರುಪೇಟೆಯವನೊಬ್ಬನೂ ಶಸ್ತ್ರವೈದ್ಯನೊಬ್ಬನೂ ಕೂಡಿ ಆರಂಭಿಸಿದ ‘ಆಲ್ಕೊಹಾಲಿಕ್ಸ್ ಅನಾನಿಮಸ್’ ಇಂದು ಲೋಕವ್ಯಾಪಿಯಾಗಿದೆ. ಚಟ ಬಿಟ್ಟವರ ಇಂಥ ಕೂಟಗಳಲ್ಲಿ ನಾಲ್ಕು ಶತ್ರುಗಳ ವಿಷಯದಲ್ಲಿ ಎಚ್ಚರಿಕೆ ಹೇಳುವುದುಂಟು: ಹಸಿವು, ಸಿಟ್ಟು, ಒಂಟಿತನ, ದಣಿವು. ಈ ಪಟ್ಟಿಯಲ್ಲಿ ಹಸಿವಿಗೇ ಮೊದಲ ಸ್ಥಾನ. ಹೊಟ್ಟೆಯ ಸಂಕಟವನ್ನು ಮದ್ಯದ ಆಸೆಯೆಂದು ಮನಸ್ಸು ತಪ್ಪಾಗಿ ತಿಳಿಯುವುದು ಸುಲಭ. ಧರ್ಮಸ್ಥಳದ ಆಶ್ರಯದಲ್ಲಿ ಕರ್ನಾಟಕದ ಊರೂರುಗಳಲ್ಲಿ ನಡೆಯುವ ಎಂಟು ದಿನಗಳ ಮದ್ಯವರ್ಜನ ಶಿಬಿರಗಳಲ್ಲಿ ಶಿಬಿರಾರ್ಥಿಗಳು ಒಂದೆಡೆ ಇದ್ದು, ಒಟ್ಟಿಗೆ ಉಣ್ಣುತ್ತಾರೆ. ಬಳಿಕ ‘ನವಜೀವನ ಸಮಿತಿ’ಗಳಲ್ಲಿ ಮತ್ತೆ ಮತ್ತೆ ಕಲೆಯುತ್ತಾರೆ. ಪಂಕ್ತಿಯಲ್ಲಿ ಕುಳಿತು ಉಣ್ಣುವವನಿಗೆ ಹಸಿವೂ ಒಂಟಿತನವೂ ಒಮ್ಮೆಗೇ ತೀರುತ್ತವೆ.

ಏನನ್ನು ಉಣ್ಣಬೇಕು? ಇಲ್ಲಿ ಕನಕದಾಸರ ‘ರಾಮಧಾನ್ಯಚರಿತೆ’ಯ ನೆನಪು ಸಹಜವಾಗಿ ಬರುತ್ತದೆ. ಭತ್ತಕ್ಕೂ ನರೆದಲಗಕ್ಕೂ, ಎಂದರೆ ರಾಗಿಗೂ, ಮೇಲ್ಮೆಯ ಜಗಳ ಹುಟ್ಟುತ್ತದೆ. ಶ್ರೀರಾಮನು ಎರಡನ್ನೂ ಆರು ತಿಂಗಳು ಸೆರೆಯಲ್ಲಿರಿಸುತ್ತಾನೆ. ಭತ್ತ ಕಳೆಗುಂದುತ್ತದೆ, ರಾಗಿ ಗಟ್ಟಿಯಾಗಿ ನಿಲ್ಲುತ್ತದೆ. ಕವಿಯ ಗುರಿ ಕುಲದ ಹಮ್ಮನ್ನು ಮುರಿಯುವುದಾದರೂ ಕಥೆಯೊಳಗೆ ಆಹಾರದ ತಿಳಿವೂ ಅಡಗಿದೆ. ನಯಮಾಡಿದ ಅಕ್ಕಿ ತನ್ನ ಬಿ1 ಸತ್ತ್ವದ ಬಹುಭಾಗವನ್ನು ತೌಡಿನೊಡನೆ ಕಳೆದುಕೊಳ್ಳುತ್ತದೆ. ರಾಗಿಯನ್ನು ಸಿಪ್ಪೆಸಮೇತ ಬೀಸುವುದರಿಂದ ಸತ್ತ್ವ ಹಿಟ್ಟಿನಲ್ಲಿಯೇ ಉಳಿಯುತ್ತದೆ. ಜೊತೆಗೆ ಹುರುಳಿ, ಕಡಲೆಕಾಯಿ, ಸೊಪ್ಪು, ಮೊಟ್ಟೆ ಇದ್ದರೆ ಬಡವನ ತಟ್ಟೆಯೂ ತುಂಬಿದ ತಟ್ಟೆಯೇ. ರಾಗಿ ಕುಡಿತ ಬಿಡಿಸುವ ಮದ್ದೆಂದು ಇದರ ಅರ್ಥವಲ್ಲ. ಆರು ತಿಂಗಳ ಸೆರೆಯಂತಹ ಮೊದಲ ದಿನಗಳನ್ನು ತಾಳಿಕೊಳ್ಳಲು ದೇಹಕ್ಕೆ ಅದು ಬಲ ಕೊಡುತ್ತದೆ, ಅಷ್ಟೆ. ಯಕೃತ್ತು ತೀರ ಕೆಟ್ಟವರಿಗೆ ದೀರ್ಘಕಾಲದ ಉಪವಾಸವೂ ಅಪಾಯಕರ. ಮಲಗುವ ಮುನ್ನ ಏನಾದರೂ ಲಘುವಾಗಿ ತಿನ್ನುವಂತೆ ವೈದ್ಯರು ಹೇಳುತ್ತಾರೆ.

ಆದರೆ ಈ ಅಡುಗೆಯನ್ನು ಮಾಡತಕ್ಕವರು ಯಾರು? ಸಂಬಳ ಸೀಸೆಗೆ ಹೋದ ದಿನಗಳಲ್ಲಿ ಕೂಲಿ ಮಾಡಿ ಮಕ್ಕಳಿಗೆ ಉಣಿಸಿದ ಹೆಣ್ಣಿನ ಮೇಲೆಯೇ ಈ ಭಾರವನ್ನೂ ಹೊರಿಸುವುದು ನ್ಯಾಯವಲ್ಲ. 2007ರ ಜುಲೈ 1ರಿಂದ ನಮ್ಮ ರಾಜ್ಯದಲ್ಲಿ ಸಾರಾಯಿ ಮಾರಾಟ ನಿಂತಿತು. ಆದರೆ ಅಗ್ಗದ ಬೇರೆ ಮದ್ಯ ಉಳಿಯಿತು. 2019ರ ಜನವರಿಯಲ್ಲಿ ಸಾವಿರಾರು ಹೆಂಗಸರು ಮದ್ಯನಿಷೇಧವನ್ನು ಬೇಡುತ್ತ ಚಿತ್ರದುರ್ಗದಿಂದ ಬೆಂಗಳೂರಿನವರೆಗೆ ನಡೆದು ಬಂದರು. ಅಷ್ಟು ದೂರ ನಡೆದವರ ಅಡುಗೆಮನೆಯಲ್ಲಿ ಗಂಡಸು ಒಂದು ಹೊತ್ತು ಮುದ್ದೆ ತೊಳಸಿದರೆ ಅವನ ಮರ್ಯಾದೆಗೇನೂ ಕುಂದಿಲ್ಲ. ನಡುಕ ನಿಂತ ಕೈಗೆ ಸಂಜೆಯ ಹೊತ್ತಿನಲ್ಲಿ ಅದೊಂದು ಕೆಲಸವೂ ಆದೀತು.

ಕಾಯಿಲೆಯವನ ಊಟಕ್ಕೆ ನಾವು ‘ಪಥ್ಯ’ ಎನ್ನುತ್ತೇವೆ. ಬಿಡಬೇಕಾದುದರ ಪಟ್ಟಿಯೇ ಪಥ್ಯವೆಂದು ಬಹು ಮಂದಿಯ ತಿಳಿವಳಿಕೆ. ಮಾತಿನ ಮೂಲದಲ್ಲಿರುವುದು ‘ಪಥ’. ದಾರಿಗೆ ಹಿತವಾದುದು ಪಥ್ಯ. ವ್ಯಸನದಿಂದ ಹೊರಟವನ ದಾರಿ ಉದ್ದವಾದುದು, ನಡುನಡುವೆ ಜಾರುವುದೂ ಉಂಟು. ಜಾರಿ ಮನೆಗೆ ಬಂದವನನ್ನು ಬೈಯುವ ಮುನ್ನ ‘ಊಟವಾಯಿತೆ?’ ಎಂದು ಕೇಳುವುದು ನಮ್ಮ ನಾಡಿನ ಹಳೆಯ ವಾಡಿಕೆ. ಅದನ್ನು ಉಳಿಸಿಕೊಳ್ಳೋಣ.