ಬಿನ್ನಿ: ಅಪ್ಪನ ಹೆಸರು, ಮಗನ ಆಟ

ಸ್ಟುವರ್ಟ್ ಬಿನ್ನಿ ಹೆಸರು ಬಂದ ಕೂಡಲೇ ನಮ್ಮ ಹಾಸ್ಟೆಲ್‌ನಲ್ಲಿ ಎರಡೇ ಮಾತು. ಒಂದು, ‘ಅಪ್ಪನ ಶಿಫಾರಸು’. ಇನ್ನೊಂದು, ‘ಒಂದೇ ಓವರ್‌ನಲ್ಲಿ 32 ರನ್ ಕೊಟ್ಟವನು’. ಎರಡನ್ನೂ ಸ್ವಲ್ಪ ಬಿಡಿಸಿ ನೋಡೋಣ.

ಮೊದಲು ಅಪ್ಪ. ಬೆಂಗಳೂರಿನ ರೋಜರ್ ಬಿನ್ನಿ 27 ಟೆಸ್ಟ್, 72 ಏಕದಿನ ಪಂದ್ಯ ಆಡಿದವರು. 1983ರ ವಿಶ್ವಕಪ್‌ನಲ್ಲಿ ಎಲ್ಲರಿಗಿಂತ ಹೆಚ್ಚು, 18 ವಿಕೆಟ್ ತೆಗೆದವರು. 2000ದಲ್ಲಿ 19 ವರ್ಷದೊಳಗಿನವರ ವಿಶ್ವಕಪ್ ಗೆದ್ದ ನಮ್ಮ ತಂಡದ ಕೋಚ್ ಕೂಡ ಅವರೇ. ಇಂಥ ಮನೆಯಲ್ಲಿ ಹುಟ್ಟಿದರೆ ಕ್ರಿಕೆಟ್ ಪಾಠ ಬೇಗ ಸಿಗುತ್ತೆ, ಅದು ಸುಳ್ಳಲ್ಲ.

ಆದರೆ ಮಗನ ದಾರಿ ನೇರವಾಗಿರಲಿಲ್ಲ. 2007ರಲ್ಲಿ ಶುರುವಾದ ಇಂಡಿಯನ್ ಕ್ರಿಕೆಟ್ ಲೀಗ್‌ಗೆ ಸ್ಟುವರ್ಟ್ ಹೋದರು. ಆ ಲೀಗ್ ಆಡಿದವರಿಗೆ ಬಿಸಿಸಿಐ ಬಾಗಿಲು ಮುಚ್ಚಿತ್ತು. 2009ರಲ್ಲಿ ಕ್ಷಮೆ ಸಿಕ್ಕ ಮೇಲೆ ಮತ್ತೆ ಕರ್ನಾಟಕಕ್ಕೆ ಆಡಿ, ಭಾರತ ತಂಡಕ್ಕೆ ಬರೋ ಹೊತ್ತಿಗೆ 2014ರ ಜನವರಿ, ವಯಸ್ಸು 29. ಆಗ ರೋಜರ್ ರಾಷ್ಟ್ರೀಯ ಆಯ್ಕೆ ಸಮಿತಿಯಲ್ಲಿದ್ದರು, ಹಾಗಾಗಿ ಜನರಿಗೆ ಅನುಮಾನ ಬಂದಿದ್ದು ಸಹಜ. ಅದಕ್ಕೆ ಉತ್ತರ ಮೈದಾನದಲ್ಲೇ ಸಿಗಬೇಕಿತ್ತು.

ಅದೇ ವರ್ಷ ಜೂನ್ 17, ಮೀರ್‌ಪುರ. ಮಳೆ ಬಿದ್ದ ದಿನ. ಬಾಂಗ್ಲಾದೇಶದ ಎದುರು ಭಾರತ 105ಕ್ಕೆ ಆಲೌಟ್. ಸ್ಟುವರ್ಟ್ 4.4 ಓವರ್ ಹಾಕಿ, 4 ರನ್ ಕೊಟ್ಟು 6 ವಿಕೆಟ್ ತೆಗೆದರು. ಬಾಂಗ್ಲಾ 58ಕ್ಕೆ ಮುಗೀತು. ಅನಿಲ್ ಕುಂಬ್ಳೆ 1993ರಲ್ಲಿ ಮಾಡಿದ್ದ 12ಕ್ಕೆ 6ರ ದಾಖಲೆ ಹೋಯ್ತು. ಮುಂದೆ ಶಮಿ 2023ರಲ್ಲಿ 7 ವಿಕೆಟ್ ತೆಗೆಯೋವರೆಗೆ ಏಕದಿನದಲ್ಲಿ ಭಾರತದ ಅತ್ಯುತ್ತಮ ಬೌಲಿಂಗ್ ಇದೇ. ಮುಂದಿನ ತಿಂಗಳು ಟ್ರೆಂಟ್ ಬ್ರಿಜ್‌ನಲ್ಲಿ ಮೊದಲ ಟೆಸ್ಟ್. ಎರಡನೇ ಇನಿಂಗ್ಸ್‌ನಲ್ಲಿ 78 ಹೊಡೆದರು, ಪಂದ್ಯ ಡ್ರಾ ಆಯ್ತು.

ಹಾಗಾದ್ರೆ ಆ 32 ರನ್? 2016ರ ಆಗಸ್ಟ್, ಅಮೆರಿಕದ ಲಾಡರ್‌ಹಿಲ್, ಟಿ20. ವೆಸ್ಟ್ ಇಂಡೀಸ್‌ನ ಎವಿನ್ ಲೂಯಿಸ್ ಐದು ಸಿಕ್ಸರ್ ಬಾರಿಸಿದರು. ಆ ದಿನ ವೆಸ್ಟ್ ಇಂಡೀಸ್ 245, ನಾವು 244. ಸೋತಿದ್ದು ಒಂದೇ ರನ್‌ನಿಂದ, ಅದಕ್ಕೇ ಆ ಓವರ್ ಎಲ್ಲರಿಗೂ ಚುಚ್ಚಿತು. ಅದೇ ಸ್ಟುವರ್ಟ್ ಅವರ ಕೊನೆಯ ಅಂತರರಾಷ್ಟ್ರೀಯ ಪಂದ್ಯ.

ಎರಡೂ ಕಡೆ ಬೌಲರ್ ಒಬ್ಬರೇ, ಪಿಚ್ ಬೇರೆ. ಮಧ್ಯಮ ವೇಗದವರ ಹತ್ರ ವೇಗದ ಹೆದರಿಕೆ ಇರಲ್ಲ. ಚೆಂಡು ಗಾಳಿಯಲ್ಲೋ ಪಿಚ್ ಮೇಲೋ ತಿರುಗಿದರೆ ಆಡೋದು ಕಷ್ಟ, ತಿರುಗದೇ ಇದ್ದರೆ ಹೊಡೆಯೋದು ಸುಲಭ. ಇಂಥವರನ್ನ ಒಂದು ಓವರ್‌ನಿಂದ ಅಳೆಯೋದು ಒಂದೇ ರೀಡಿಂಗ್ ತಗೊಂಡು ಲ್ಯಾಬ್ ರೆಕಾರ್ಡ್ ಬರೆದ ಹಾಗೆ.

2021ರಲ್ಲಿ ನಿವೃತ್ತಿ ಆಗೋ ಹೊತ್ತಿಗೆ 95 ಪ್ರಥಮ ದರ್ಜೆ ಪಂದ್ಯ, 4796 ರನ್, 148 ವಿಕೆಟ್. ಸತತ ಎರಡು ಸೀಸನ್ ರಣಜಿ ಗೆದ್ದ ಕರ್ನಾಟಕದ ಆಲ್‌ರೌಂಡರ್. ಅಪ್ಪನಷ್ಟು ದೊಡ್ಡ ಆಟಗಾರ ಆಗಲಿಲ್ಲ, ನಿಜ. ಆದರೆ ಈ ರನ್ನು, ಈ ವಿಕೆಟ್ಟು ಯಾವ ಶಿಫಾರಸಿನಿಂದಲೂ ಬರಲ್ಲ.