ಕಣ್ಣಿಗಷ್ಟೇ ದಕ್ಕದ ನಾಡು

ಗೈಡ್ ಜತೆಗಿನ ಬಸ್ ಪ್ರವಾಸ ಅಂದರೆ ಮೂಗು ಮುರಿಯುವವರು ನಮ್ಮಲ್ಲಿ ಹೆಚ್ಚುತ್ತಿದ್ದಾರೆ. ಕಾರು ಬಾಡಿಗೆಗೆ ಹಿಡಿದು, ಫೋನಿನಲ್ಲಿ ನಕ್ಷೆ ತೆರೆದು, ಬೇಕಾದಲ್ಲಿ ನಿಂತು, ಸಾಕೆನಿಸಿದಾಗ ಹೊರಡುವುದೇ ನಿಜವಾದ ಪ್ರವಾಸ ಎಂಬ ನಂಬಿಕೆ ಬಲವಾಗಿದೆ. ಎಷ್ಟೋ ಊರುಗಳ ಮಟ್ಟಿಗೆ ಅದು ಸರಿಯೂ ಹೌದು. ಆದರೆ ಐಸ್‌ಲ್ಯಾಂಡಿನ ‘ಗೋಲ್ಡನ್ ಸರ್ಕಲ್’ ಎಂಬ ಒಂದು ದಿನದ ದಾರಿಯ ಬಗ್ಗೆ ನನ್ನ ಅಭಿಪ್ರಾಯ ಬೇರೆ. ಅಲ್ಲಿ ಬಸ್ಸನ್ನೇ ಹತ್ತಬೇಕು. ಕಥೆ ಹೇಳಲು ಬಲ್ಲ ಗೈಡ್ ಇರುವ ಬಸ್ಸನ್ನೇ ಹುಡುಕಿ ಹತ್ತಬೇಕು. ಆ ನೆಲದಲ್ಲಿ ಕಣ್ಣಿಗೆ ಕಾಣುವುದು ಅರ್ಧ ಮಾತ್ರ. ಉಳಿದರ್ಧ ನೆಲದಡಿಯಲ್ಲಿದೆ, ಅಲ್ಲಿನವರ ನೆನಪಿನಲ್ಲಿದೆ. ಅದನ್ನು ಯಾರಾದರೂ ಹೇಳಿಯೇ ನಮಗೆ ತಿಳಿಯಬೇಕು.

ರಾಜಧಾನಿ ರೇಕ್ಯಾವಿಕ್‌ನಿಂದ ಬೆಳಿಗ್ಗೆ ಹೊರಟು ಸಂಜೆಗೆ ಮರಳುವ ಈ ಸುತ್ತು ಸುಮಾರು 230 ಕಿಲೋಮೀಟರ್. ಮುಖ್ಯ ನಿಲ್ದಾಣಗಳು ಮೂರು: ಭೂಮಿ ಬಿರಿದ ಕಣಿವೆ ಥಿಂಗ್ವೆಲ್ಲಿರ್, ಬಿಸಿನೀರಿನ ಬುಗ್ಗೆಗಳ ಗೇಸಿರ್, ಗುಲ್‌ಫಾಸ್ ಜಲಪಾತ. ಜೂನ್‌ನಲ್ಲಿ ಹೋದರೆ ದಿನಕ್ಕೆ 21 ಗಂಟೆ ಬೆಳಕು, ಅವಸರವೇ ಬೇಡ. ಡಿಸೆಂಬರ್‌ನಲ್ಲಿ ಹೋದರೆ ಬೆಳಕಿರುವುದು ನಾಲ್ಕೇ ಗಂಟೆ. ಕತ್ತಲಲ್ಲೇ ಹೊರಟು ಕತ್ತಲಲ್ಲೇ ಮರಳಬೇಕು. ಹಿಮ ಬಿದ್ದ ದಾರಿ, ಬಸ್ಸನ್ನೇ ಅಲುಗಿಸುವ ಗಾಳಿ. ಇಂಥ ದಾರಿಯ ಅಭ್ಯಾಸವಿಲ್ಲದ ನಮ್ಮಂಥವರು ಚಳಿಗಾಲದಲ್ಲಿ ಸ್ವತಃ ಕಾರು ಓಡಿಸುವ ಆಸೆಯನ್ನು ಬಿಡುವುದೇ ಲೇಸು.

ನಗರ ದಾಟಿದ ಕೂಡಲೇ ಮರಗಳು ಮಾಯ. ಪಾಚಿ ಹೊದ್ದ ಲಾವಾ ಬಂಡೆಗಳು ಎರಡೂ ಬದಿಗೆ ಹರಡಿಕೊಳ್ಳುತ್ತವೆ. ಬೇಸಿಗೆಯಾದರೆ ನಡುನಡುವೆ ನೇರಳೆ ಬಣ್ಣದ ಲೂಪಿನ್ ಹೂಗಳ ಹಾಸು. ಸವೆದ ಮಣ್ಣನ್ನು ಹಿಡಿದು ನಿಲ್ಲಿಸಲೆಂದು ಇಪ್ಪತ್ತನೇ ಶತಮಾನದಲ್ಲಿ ಅಲಾಸ್ಕಾದಿಂದ ತಂದು ಬಿತ್ತಿದ ಗಿಡ ಅದು. ಈಗ ಎಲ್ಲೆಂದರಲ್ಲಿ ಹಬ್ಬಿ, ಇರಬೇಕೋ ಬೇಡವೋ ಎಂಬ ಚರ್ಚೆಗೆ ಕಾರಣವಾಗಿದೆ. ಬೇಲಿಯಾಚೆ ಗಿಡ್ಡ ಕಾಲಿನ, ದಟ್ಟ ಕೇಸರದ ಕುದುರೆಗಳು. ಹೊರಗಿನ ಕುದುರೆಗಳಿಗೆ ಈ ದೇಶಕ್ಕೆ ಪ್ರವೇಶವಿಲ್ಲ. ಇಲ್ಲಿಂದ ಒಮ್ಮೆ ಹೊರಗೆ ಹೋದ ಕುದುರೆಯೂ ಮತ್ತೆ ಮರಳುವಂತಿಲ್ಲ. ಶತಮಾನಗಳಿಂದ ಬೆರಕೆಯಾಗದೆ ಉಳಿದ ತಳಿಯನ್ನು ರೋಗದಿಂದ ಕಾಯಲು ಮಾಡಿಕೊಂಡ ಕಟ್ಟುಪಾಡು ಅದು. ಕಿಟಕಿಯಲ್ಲಿ ಅರೆಗಳಿಗೆ ಕಂಡು ಮರೆಯಾಗುವ ಪ್ರಾಣಿಯ ಬಗ್ಗೆ ಇಷ್ಟು ತಿಳಿದ ಮೇಲೆ ಮುಂದೆ ಕಾಣುವ ಪ್ರತಿಯೊಂದು ಕುದುರೆಯನ್ನೂ ನೋಡುವ ರೀತಿಯೇ ಬದಲಾಗುತ್ತದೆ.

ಥಿಂಗ್ವೆಲ್ಲಿರ್‌ನಲ್ಲಿ ಇಳಿದಾಗ ಮೊದಲು ಸಿಗುವುದು ಅಲ್ಮನ್ನಗ್ಯಾ ಎಂಬ ಕಂದರ. ಒಂದು ಪಕ್ಕ ಕಡಿದಾದ ಕಪ್ಪು ಬಂಡೆಯ ಗೋಡೆ, ನಡುವೆ ಕಾಲುದಾರಿ. ಅಟ್ಲಾಂಟಿಕ್ ಸಾಗರದ ಮಧ್ಯೆ ಉತ್ತರದಿಂದ ದಕ್ಷಿಣಕ್ಕೆ ನೀರಿನಡಿ ಸಾಗುವ ಬೃಹತ್ ಪರ್ವತ ಶ್ರೇಣಿಯೊಂದಿದೆ. ಅಲ್ಲಿ ಭೂಮಿಯ ಹೊರಪದರದ ಫಲಕಗಳು ಒಂದರಿಂದ ಒಂದು ದೂರ ಸರಿಯುತ್ತಿವೆ. ಆ ಶ್ರೇಣಿ ಸಮುದ್ರದಿಂದ ಮೇಲೆದ್ದು ನೆಲವಾಗಿ ನಿಂತಿರುವ ಅಪರೂಪದ ಜಾಗ ಐಸ್‌ಲ್ಯಾಂಡ್. ಫಲಕಗಳು ಸರಿಯುವುದು ವರ್ಷಕ್ಕೆ ಹೆಚ್ಚುಕಡಿಮೆ 2 ಸೆಂಟಿಮೀಟರ್. ಅಷ್ಟು ನಿಧಾನದ ಚಲನೆ ಕಣ್ಣಿಗೆ ಬೀಳುವುದಿಲ್ಲ. ಆದರೆ 1789ರ ಭೂಕಂಪಗಳಲ್ಲಿ ಈ ಕಣಿವೆಯ ತಳ ಜನ ನೋಡನೋಡುತ್ತಲೇ ಕುಸಿದು, ಪಕ್ಕದ ಸರೋವರದ ನೀರು ದಂಡೆಯ ಮೇಲೆ ನುಗ್ಗಿತ್ತು.

ಪ್ರವಾಸಿಗರು ಇಲ್ಲಿ ಒಂದು ಬಿರುಕಿನ ಆಚೆಗೊಂದು ಈಚೆಗೊಂದು ಕಾಲಿಟ್ಟು, ಅಮೆರಿಕ ಮತ್ತು ಯುರೋಪ್ ಎರಡರ ಮೇಲೂ ನಿಂತೆವೆಂದು ಫೋಟೊ ತೆಗೆಸಿಕೊಳ್ಳುತ್ತಾರೆ. ತಿಳಿದ ಗೈಡ್ ಅಲ್ಲೇ ತಿದ್ದುತ್ತಾರೆ. ಎರಡು ಫಲಕಗಳ ಗಡಿ ಒಂದು ಗೆರೆಯಲ್ಲ, ಕಿಲೋಮೀಟರ್‌ಗಟ್ಟಲೆ ಅಗಲದ ಪಟ್ಟಿ. ನೀವು ನಿಂತ ಕಂದರ ಅದರ ಪಶ್ಚಿಮದ ಅಂಚು; ಪೂರ್ವದ ಅಂಚು ಕಣಿವೆಯ ಆ ತುದಿಯಲ್ಲಿ ಮಂಜು ಮಂಜಾಗಿ ಕಾಣುತ್ತದೆ. ನಡುವಿನ ನೆಲದಲ್ಲಿ ನೂರಾರು ಬಿರುಕುಗಳು, ಸಾವಿರಾರು ವರ್ಷಗಳಿಂದ ಎಳೆಯಲ್ಪಟ್ಟು ಕುಸಿಯುತ್ತಿರುವ ಲಾವಾ. ಬಿರುಕುಗಳಲ್ಲೊಂದಾದ ಸಿಲ್ಫ್ರಾದಲ್ಲಿ ನೀರು ತುಂಬಿದೆ. ದೂರದ ಲಾಂಗ್‌ಯೋಕುಲ್ ಹಿಮನದಿ ಕರಗಿ, ಲಾವಾ ಪದರಗಳ ನಡುವೆ ದಶಕಗಳ ಕಾಲ ಸೋಸಿಕೊಂಡು ಬಂದ ನೀರು ಅದು. ತಾಪಮಾನ 2ರಿಂದ 4 ಡಿಗ್ರಿ ಸೆಲ್ಸಿಯಸ್. ಮುಳುಗುಗಾರರಿಗೆ ಅದರಲ್ಲಿ ನೂರು ಮೀಟರ್ ದೂರದ ತನಕ ಕಾಣುತ್ತದಂತೆ.

ಭೂವಿಜ್ಞಾನದಷ್ಟೇ ದೊಡ್ಡ ಸಂಗತಿ ಇಲ್ಲಿನ ಚರಿತ್ರೆ. ಕ್ರಿ.ಶ. 930ರಲ್ಲಿ ದೇಶದ ಮೂಲೆಮೂಲೆಗಳಿಂದ ಜನ ಕುದುರೆಯೇರಿ ಬಂದು ಈ ಬಯಲಿನಲ್ಲಿ ಸೇರಿದರು. ಆಲ್ಥಿಂಗಿ ಎಂಬ ಸಭೆ ಹುಟ್ಟಿತು. ರಾಜನಿಲ್ಲದ ನಾಡಿನ ಸಂಸತ್ತು ಅದು. ಪ್ರತಿ ಬೇಸಿಗೆ ಎರಡು ವಾರ ಡೇರೆ ಹೂಡಿ ನ್ಯಾಯ ತೀರ್ಮಾನ, ವ್ಯಾಪಾರ, ಮದುವೆ ಮಾತುಕತೆ ಎಲ್ಲವೂ ಇಲ್ಲೇ. ಆ ಕಾಲದಲ್ಲಿ ಕಾನೂನು ಬರೆಹದಲ್ಲಿರಲಿಲ್ಲ. ಅದನ್ನು ಬಾಯಿಪಾಠ ಮಾಡಿದ ಒಬ್ಬ ವ್ಯಕ್ತಿ, ಲೋಗ್‌ಬೆರ್ಗ್ ಎಂಬ ಬಂಡೆಯ ಮೇಲೆ ನಿಂತು ವರ್ಷಕ್ಕೆ ಮೂರನೇ ಒಂದರಷ್ಟನ್ನು ಜನರೆದುರು ಹೇಳಬೇಕು. ಮೂರು ಬೇಸಿಗೆಗಳಲ್ಲಿ ಇಡೀ ಕಾನೂನು ಮುಗಿಯಬೇಕು. ಕಾವ್ಯವನ್ನೂ ಶಾಸ್ತ್ರವನ್ನೂ ಕಂಠದಲ್ಲಿ ಕಾಪಾಡಿಕೊಂಡು ಬಂದ ನಾಡಿನಿಂದ ಹೋದವರಿಗೆ ಈ ಬಂಡೆಯೆದುರು ಮೈ ಜುಮ್ಮೆನ್ನದೆ ಇರದು. ಕ್ರಿ.ಶ. 1000ದ ಸುಮಾರಿಗೆ ಹಳೆಯ ದೇವರುಗಳೋ ಕ್ರೈಸ್ತ ಮತವೋ ಎಂದು ದೇಶವೇ ಇಬ್ಭಾಗವಾಗುವ ಸ್ಥಿತಿ ಬಂದಿತ್ತು. ಕಾನೂನು ಹೇಳುವ ಥೋರ್‌ಗೇರ್ ತಾನು ಹಳೆಯ ಮತದವನಾಗಿದ್ದೂ ಒಂದು ಹಗಲು ಒಂದು ರಾತ್ರಿ ಕಂಬಳಿ ಹೊದ್ದು ಮಲಗಿ ಯೋಚಿಸಿ, ಎದ್ದು ಬಂದು ಕ್ರೈಸ್ತ ಮತದ ಪರ ತೀರ್ಪು ಕೊಟ್ಟ. ಎರಡೂ ಪಕ್ಷಗಳು ಒಪ್ಪಿದವು ಎಂದು ಅಲ್ಲಿನ ಹಳೆಯ ಗ್ರಂಥಗಳು ದಾಖಲಿಸಿವೆ.

ಇದೇ ಬಯಲಿನಲ್ಲಿ ಮನಸ್ಸು ಕಲಕುವ ಮಡುವೊಂದೂ ಇದೆ. ಹದಿನೇಳು ಮತ್ತು ಹದಿನೆಂಟನೇ ಶತಮಾನಗಳಲ್ಲಿ, ಕಾನೂನಿಗೆ ಒಪ್ಪದ ಸಂಬಂಧದಿಂದ ಮಗು ಹೆತ್ತರೆಂಬಂಥ ಆರೋಪ ಹೊತ್ತ ಹೆಂಗಸರನ್ನು ಅದರಲ್ಲಿ ಮುಳುಗಿಸಿ ಕೊಲ್ಲಲಾಗುತ್ತಿತ್ತು. ದಾರಿ ಪಕ್ಕದ ಫಲಕವನ್ನು ಓದದೆ ಹೋದರೆ ಅದೊಂದು ತಿಳಿನೀರಿನ ಚೆಲುವಾದ ಗುಂಡಿ, ಅಷ್ಟೆ. ಥಿಂಗ್ವೆಲ್ಲಿರ್ 2004ರಲ್ಲಿ ಯುನೆಸ್ಕೊ ವಿಶ್ವ ಪರಂಪರೆಯ ತಾಣವಾಯಿತು.

ಅಲ್ಲಿಂದ ಗೇಸಿರ್ ತಲುಪಲು ಬಸ್ಸು ಪೂರ್ವಕ್ಕೆ ಸುಮಾರು 60 ಕಿಲೋಮೀಟರ್ ಸಾಗಬೇಕು. ನಡುವೆ ಲೋಗರ್‌ವಾತ್ನ್ ಎಂಬ ಊರಿನಲ್ಲಿ, ಕೆರೆ ದಂಡೆಯ ಬಿಸಿ ಮರಳಿನೊಳಗೆ ರೈ ಹಿಟ್ಟಿನ ಪಾತ್ರೆಯನ್ನು ಹೂತಿಟ್ಟು 24 ಗಂಟೆ ಬಿಟ್ಟು ರೊಟ್ಟಿ ಬೇಯಿಸುತ್ತಾರೆ. ಕೆಲವು ಬಸ್ಸುಗಳು ಅಲ್ಲಿ ನಿಲ್ಲುತ್ತವೆ. ನಿಂತರೆ ತಿಂದು ನೋಡಿ, ತುಸು ಸಿಹಿಯಾದ ಗಟ್ಟಿ ರೊಟ್ಟಿ.

ಗೇಸಿರ್ ಬಳಿ ನೆಲವೇ ಹೊಗೆಯಾಡುತ್ತದೆ. ಗಂಧಕದ ವಾಸನೆ ಮೂಗಿಗೆ ಅಡರುತ್ತದೆ. ಹಗ್ಗದ ಬೇಲಿಯ ಸುತ್ತ ಜನ ಉಸಿರು ಬಿಗಿಹಿಡಿದು ನಿಂತಿರುತ್ತಾರೆ. ಸ್ಟ್ರೊಕ್ಕುರ್ ಬುಗ್ಗೆಯ ನೀರು ಒಮ್ಮೆ ಏರಿ, ಒಮ್ಮೆ ಇಳಿದು, ಇದ್ದಕ್ಕಿದ್ದಂತೆ ನೀಲಿ ಗುಮ್ಮಟವಾಗಿ ಉಬ್ಬುತ್ತದೆ. ಮರುಕ್ಷಣ ಅದು ಒಡೆದು 15ರಿಂದ 20 ಮೀಟರ್ ಎತ್ತರಕ್ಕೆ ಚಿಮ್ಮುತ್ತದೆ. ಐದರಿಂದ ಹತ್ತು ನಿಮಿಷಕ್ಕೊಮ್ಮೆ ಹೀಗೆ. ಬಸ್ಸಿನವರು ಮುಕ್ಕಾಲು ಗಂಟೆ ಕೊಟ್ಟರೂ ಹಲವು ಸಲ ನೋಡಬಹುದು. ಮೊದಲನೆಯ ಸಲ ಫೋಟೊ ಬೇಡ. ಆ ನೀಲಿ ಗುಮ್ಮಟ ಇರುವುದು ಒಂದೇ ಕ್ಷಣ, ಅದನ್ನು ಕಣ್ಣಾರೆ ನೋಡಿ.

ನೀರು ಹೀಗೇಕೆ ಚಿಮ್ಮುತ್ತದೆ ಎಂಬುದನ್ನು ಇಲ್ಲಿಗೇ ಬಂದು ಅಳೆದು ನೋಡಿ ವಿವರಿಸಿದವರು ಜರ್ಮನಿಯ ರಸಾಯನ ವಿಜ್ಞಾನಿ ರಾಬರ್ಟ್ ಬುನ್ಸೆನ್. ಶಾಲೆಯ ಪ್ರಯೋಗಾಲಯದ ಬುನ್ಸೆನ್ ಬರ್ನರ್‌ಗೆ ಹೆಸರು ಕೊಟ್ಟವರೇ ಅವರು. 1846ರಲ್ಲಿ ಬುಗ್ಗೆಯೊಳಕ್ಕೆ ತಾಪಮಾಪಕ ಇಳಿಬಿಟ್ಟಾಗ, ಆಳದ ನೀರು ನೂರು ಡಿಗ್ರಿ ಮೀರಿದ್ದರೂ ಕುದಿಯದೇ ಇರುವುದು ಕಂಡಿತು. ಪ್ರೆಶರ್ ಕುಕ್ಕರ್‌ನಲ್ಲಿ ಆಗುವುದೂ ಇದೇ: ಒತ್ತಡ ಹೆಚ್ಚಿದರೆ ಕುದಿಯುವ ಬಿಂದುವೂ ಏರುತ್ತದೆ. ಇಲ್ಲಿ ಒತ್ತಡ ಹಾಕುವುದು ಮೇಲಿನ ನೀರಿನ ಭಾರ. ಮೇಲಿನ ನೀರು ಸ್ವಲ್ಪ ಹೊರಚೆಲ್ಲಿದರೂ ಸಾಕು, ಕೆಳಗಿನ ಒತ್ತಡ ತಗ್ಗಿ ಅಲ್ಲಿನ ನೀರು ಒಮ್ಮೆಗೇ ಕುದಿದು ಆವಿಯೊಂದಿಗೆ ನುಗ್ಗುತ್ತದೆ.

ಪಕ್ಕದಲ್ಲೇ ಇರುವ ದೊಡ್ಡ ಬುಗ್ಗೆ ಗೇಸಿರ್ ಈಗ ಬಹುಪಾಲು ಮಲಗಿದೆ. ಭೂಕಂಪವಾದಾಗ ಏಳುತ್ತದೆ, ಕೆಲವು ವರ್ಷ ಚಿಮ್ಮಿ ಮತ್ತೆ ಮಲಗುತ್ತದೆ. 1896ರಲ್ಲೂ 2000ದಲ್ಲೂ ಹಾಗೆಯೇ ಎದ್ದಿತ್ತು. ಅದನ್ನು ಎಬ್ಬಿಸಲು ಸಾಬೂನು ಸುರಿಯುವ ರೂಢಿಯೂ ಒಂದು ಕಾಲಕ್ಕಿತ್ತು. ಆ ರೂಢಿ ನಿಂತದ್ದು ಒಳ್ಳೆಯದೇ ಆಯಿತು. 1894ರಲ್ಲಿ ಈ ಬುಗ್ಗೆಗಳನ್ನು ಜೇಮ್ಸ್ ಕ್ರೇಗ್ ಎಂಬಾತ ಕೊಂಡು, ಸುತ್ತ ಬೇಲಿ ಹಾಕಿಸಿ, ನೋಡಲು ದುಡ್ಡು ವಸೂಲಿ ಮಾಡಿದ್ದ. ಮುಂದೆ ಉತ್ತರ ಐರ್ಲೆಂಡಿನ ಮೊದಲ ಪ್ರಧಾನಿಯಾದವನೇ ಈತ. 1935ರಲ್ಲಿ ಸಿಗುರ್ದುರ್ ಯೋನಸ್ಸನ್ ಎಂಬವರು ಅವನ್ನು ಮರಳಿ ಕೊಂಡು ಐಸ್‌ಲ್ಯಾಂಡಿನ ಜನತೆಗೆ ದಾನವಾಗಿ ಕೊಟ್ಟರು.

ಮಧ್ಯಾಹ್ನದ ಊಟ ಸಾಮಾನ್ಯವಾಗಿ ಇಲ್ಲೇ. ಕುರಿಮಾಂಸದ ಸೂಪ್ ಆ ದೇಶದ ಮನೆಮನೆಯ ಅಡುಗೆ. ಸಸ್ಯಾಹಾರಿಗಳಿಗೂ ಏನಾದರೂ ಸಿಗುತ್ತದೆ, ಬೆಲೆ ಮಾತ್ರ ಎದೆ ಝಲ್ಲೆನಿಸುವಷ್ಟು. ಚಪಾತಿ ಕಟ್ಟಿಕೊಂಡು ಹೋಗುವುದರಲ್ಲಿ ಸಂಕೋಚವೇನೂ ಬೇಡ.

ಅಲ್ಲಿಂದ ಗುಲ್‌ಫಾಸ್‌ಗೆ ಹತ್ತೇ ಕಿಲೋಮೀಟರ್. ಎತ್ತರದ ಲೆಕ್ಕದಲ್ಲಿ ಈ ಜಲಪಾತ ನಮ್ಮ ಜೋಗದೆದುರು ಏನೇನೂ ಅಲ್ಲ. ಜೋಗದ್ದು 253 ಮೀಟರ್, ಇದು 32. ಹ್ವಿಟಾ ನದಿ ಮೊದಲು 11 ಮೀಟರ್, ಬಳಿಕ ಬೇರೊಂದು ದಿಕ್ಕಿಗೆ ಹೊರಳಿ 21 ಮೀಟರ್ ಧುಮುಕುತ್ತದೆ. ಎರಡನೇ ನೆಗೆತ ನೇರ ಒಂದು ಇಕ್ಕಟ್ಟಾದ ಕೊರಕಲಿಗೆ. ದಡದಿಂದ ನೋಡಿದರೆ ಅಷ್ಟು ದೊಡ್ಡ ನದಿ ಕಣ್ಣೆದುರೇ ನೆಲದೊಳಗೆ ಇಳಿದು ಹೋದಂತೆ ಕಾಣುತ್ತದೆ. ಗದ್ದಲ ಎದೆಯೊಳಗೆ ಕೇಳಿಸುತ್ತದೆ, ತುಂತುರು ಮೈಯೆಲ್ಲ ತೋಯಿಸುತ್ತದೆ. ಬಿಸಿಲಿದ್ದರೆ ಕಾಮನಬಿಲ್ಲು.

ಆದರೆ ಗುಲ್‌ಫಾಸ್‌ನ ನಿಜವಾದ ಎತ್ತರ ನನಗೆ ಗೊತ್ತಾದದ್ದು ಸಿಗ್ರಿದುರ್ ತೋಮಸ್‌ದೊತ್ತಿರ್ ಎಂಬ ಹೆಣ್ಣುಮಗಳ ಕಥೆಯಿಂದ. ಹತ್ತಿರದ ಬ್ರಾತ್‌ಹೊಲ್ಟ್ ಎಂಬ ತೋಟದ ಮನೆಯವಳು, 1871ರಲ್ಲಿ ಹುಟ್ಟಿದವಳು, ಶಾಲೆಯ ಮೆಟ್ಟಿಲು ಹತ್ತಿದವಳಲ್ಲ. ಇಪ್ಪತ್ತನೇ ಶತಮಾನದ ಆರಂಭದಲ್ಲಿ ವಿದೇಶಿ ಬಂಡವಾಳಗಾರರಿಗೆ ಈ ಜಲಪಾತದಿಂದ ವಿದ್ಯುತ್ ತೆಗೆಯುವ ಆಸೆ ಹುಟ್ಟಿತು. ಗುತ್ತಿಗೆಯೂ ಆಗಿಹೋಯಿತು. ಸಿಗ್ರಿದುರ್ ಬಿಡಲಿಲ್ಲ. ನೂರಕ್ಕೂ ಹೆಚ್ಚು ಕಿಲೋಮೀಟರ್ ದೂರದ ರೇಕ್ಯಾವಿಕ್‌ಗೆ ಕಲ್ಲುಮುಳ್ಳಿನ ದಾರಿಯಲ್ಲಿ ಮತ್ತೆ ಮತ್ತೆ ನಡೆದು ಹೋಗಿ ಅಧಿಕಾರಿಗಳ ಬಾಗಿಲು ತಟ್ಟಿದಳು, ತನ್ನ ಉಳಿತಾಯ ಸುರಿದು ಮೊಕದ್ದಮೆ ಹೂಡಿದಳು. ಕೆಲಸ ಶುರುವಾದರೆ ಜಲಪಾತಕ್ಕೆ ಹಾರುತ್ತೇನೆ ಎಂದಳೆಂಬ ಮಾತೂ ಇದೆ. ಮೊಕದ್ದಮೆಯಲ್ಲಿ ಸೋತಳು. ಆದರೆ ಕಂಪನಿಯವರು ಗುತ್ತಿಗೆಯ ಹಣ ಕಟ್ಟದೆ ಒಪ್ಪಂದ ಬಿದ್ದುಹೋಯಿತು, ಅಣೆಕಟ್ಟು ಬರಲೇ ಇಲ್ಲ. ಅವಳ ಪರ ನಿಂತ ವಕೀಲ ಸ್ವೇನ್ ಬ್ಯೋರ್ನ್‌ಸನ್. 1944ರ ಜೂನ್ 17ರಂದು ಐಸ್‌ಲ್ಯಾಂಡ್ ಗಣರಾಜ್ಯವಾದಾಗ ಮೊದಲ ಅಧ್ಯಕ್ಷರಾದವರು ಅವರೇ. ಆ ಘೋಷಣೆ ಆದದ್ದು ಬೆಳಿಗ್ಗೆ ನಾವು ಇಳಿದಿದ್ದ ಥಿಂಗ್ವೆಲ್ಲಿರ್ ಬಯಲಿನಲ್ಲಿ. ಸಿಗ್ರಿದುರ್ ಅದನ್ನು ಕಂಡು, 1957ರಲ್ಲಿ ತೀರಿಕೊಂಡಳು. ಜಲಪಾತವನ್ನು 1979ರಲ್ಲಿ ಸಂರಕ್ಷಿತ ತಾಣವೆಂದು ಘೋಷಿಸಿದರು.

ಅವಳ ಬದುಕಿನ ಇನ್ನೊಂದು ಸಂಗತಿ ನನ್ನನ್ನು ಹಿಡಿದು ನಿಲ್ಲಿಸಿತು. ಜಲಪಾತ ನೋಡಲು ಬಂದವರನ್ನು ಸಿಗ್ರಿದುರ್ ಮತ್ತು ಅವಳ ಸಹೋದರಿಯರು ಕರೆದೊಯ್ದು ತೋರಿಸುತ್ತಿದ್ದರು. ಅಲ್ಲಿಗೆ ಮೊದಲ ಕಾಲುದಾರಿ ಮಾಡಿದವರೂ ಅವರೇ. ಅಂದರೆ ಗುಲ್‌ಫಾಸ್‌ನ ಮೊದಲ ಗೈಡ್‌ಗಳು ಆ ಅಕ್ಕತಂಗಿಯರು. ಪರರಿಗೆ ತೋರಿಸಿ ತೋರಿಸಿ, ಅದು ಎಂಥದ್ದೆಂದು ಹೇಳಿ ಹೇಳಿ, ಅದನ್ನು ಕಳೆದುಕೊಳ್ಳಲಾರೆ ಎಂಬ ಹಟ ಅವಳಲ್ಲಿ ಬೆಳೆದಿರಬೇಕು ಎಂದು ನಾನು ನಂಬುತ್ತೇನೆ.

ಬಸ್ ಪ್ರವಾಸಕ್ಕೆ ಮಿತಿಗಳು ಇಲ್ಲದಿಲ್ಲ. ಗುಲ್‌ಫಾಸ್‌ನ ಎದುರು ಒಂದು ಗಂಟೆ ಸಾಲದು, ಥಿಂಗ್ವೆಲ್ಲಿರ್‌ಗೆ ಅರ್ಧ ದಿನವಾದರೂ ಬೇಕು. ಎರಡನೇ ಸಲ ಹೋಗುವ ಭಾಗ್ಯವಿದ್ದವರು ಕಾರಿನಲ್ಲಿ ಹೋಗಲಿ. ಮೊದಲ ಸಲ ಮಾತ್ರ ಹೇಳುವವರ ಬಾಯಿಂದ ಕೇಳುತ್ತಾ ನೋಡಬೇಕು. ಆ ದೇಶದಲ್ಲಿ ಗೈಡ್‌ಗಳನ್ನು ತಯಾರು ಮಾಡುವುದಕ್ಕೆಂದೇ ಶಾಲೆಯಿದೆ. ಅಲ್ಲಿ ಭೂವಿಜ್ಞಾನ, ಇತಿಹಾಸ, ಸಾಹಿತ್ಯ ಕಲಿತವರು ಬಸ್ಸಿನ ಮೈಕ್ ಹಿಡಿಯುತ್ತಾರೆ.

ಮಳೆಗಾಲದ ವಾರಾಂತ್ಯಗಳಲ್ಲಿ ನಮ್ಮಲ್ಲೂ ಜೋಗಕ್ಕೆ ಸರ್ಕಾರಿ ಬಸ್ಸುಗಳ ವಿಶೇಷ ಪ್ರವಾಸ ಹೊರಡುತ್ತದೆ. ಜೋಗದಲ್ಲೂ ಕಣ್ಣಿಗೆ ಕಾಣುವುದು ಅರ್ಧವೇ. 1948ರಲ್ಲಿ ಶುರುವಾದ ವಿದ್ಯುದಾಗಾರ, 1964ರಲ್ಲಿ ಮುಗಿದ ಲಿಂಗನಮಕ್ಕಿ ಅಣೆಕಟ್ಟು, ಅದರ ಹಿನ್ನೀರಿನಲ್ಲಿ ಮುಳುಗಿ ನೀರು ತಗ್ಗಿದಾಗ ಮೇಲೇಳುವ ಮಡೆನೂರಿನ ಹಳೆಯ ಹಿರೇಭಾಸ್ಕರ ಅಣೆಕಟ್ಟು, ನಾಡಿಗೆ ಬೆಳಕು ಕೊಡಲು ಊರು ಬಿಟ್ಟ ಸಾವಿರಾರು ಕುಟುಂಬಗಳು, ಅವರ ಹೊಲಮನೆಗಳು: ಇವೆಲ್ಲ ಜೋಗದ ಕಥೆಯೇ. ಶರಾವತಿ ಕಣಿವೆಯ ಮಕ್ಕಳಿಗೆ ಈ ಕಥೆ ಮನೆಯಲ್ಲೇ ಗೊತ್ತು. ಅವರಲ್ಲಿ ಆಸಕ್ತರನ್ನು ಆರಿಸಿ, ಒಂದು ವರ್ಷ ಚೆನ್ನಾಗಿ ತರಬೇತಿ ಕೊಟ್ಟು, ಮರ್ಯಾದೆಯ ಸಂಬಳ ಕೊಟ್ಟು, ಜೋಗಕ್ಕೆ ಹೊರಡುವ ಪ್ರತಿ ಬಸ್ಸಿಗೂ ಒಬ್ಬೊಬ್ಬರನ್ನು ಗೈಡ್ ಆಗಿ ಕಳಿಸಿಕೊಡಿ ಎಂದು ಪ್ರವಾಸೋದ್ಯಮದ ಹೊಣೆ ಹೊತ್ತವರನ್ನು ಕೇಳಿಕೊಳ್ಳುತ್ತೇನೆ.